ಅಪ್ಪನಿಗೆ ಪ್ರಶ್ನೆಪತ್ರಿಕೆ ಓದಿ ಹೇಳಿ

(ರೋಣ ತಾಲ್ಲೂಕಿನ ಓದುಗರೊಬ್ಬರ ಪತ್ರದ ಸಾರ: ವಯಸ್ಸು 29. ಆರು ವರ್ಷದಿಂದ ಧಾರವಾಡದಲ್ಲಿ ರೂಮು ಮಾಡಿಕೊಂಡು ನೌಕರಿಯ ಪರೀಕ್ಷೆಗಳಿಗೆ ಓದುತ್ತಿದ್ದೇನೆ. ಯುಗಾದಿಗೆ ಊರಿಗೆ ಹೋದರೆ ಅಪ್ಪ ಮಾತೇ ಆಡಲಿಲ್ಲ. ‘ಮಗಾ ಏನ್ ಮಾಡ್ತಾನ ಅಂತ ಕೇಳಿದ್ರ ನಾ ಏನ್ ಹೇಳ್ಲಿ’ ಎಂದು ಅವ್ವನ ಹತ್ತಿರ ಅಂದರಂತೆ. ಓದು ಬಿಡಲೋ, ಮನೆ ಬಿಡಲೋ?)

ಎರಡನ್ನೂ ಬಿಡಬೇಡಿ, ತಮ್ಮಾ.

ಅಪ್ಪನ ಸಿಟ್ಟು ಸುಳ್ಳಲ್ಲ. ಉಳ್ಳಾಗಡ್ಡಿ ಮಾರಿದ ರೊಕ್ಕದಲ್ಲಿ ನಿಮ್ಮ ಬಾಡಿಗೆ, ಮೆಸ್ಸಿನ ಬಿಲ್ಲು ಕಟ್ಟಿದವರು ಅವರು. ಅದನ್ನು ಒಪ್ಪೋಣ. ಈಗ ನನ್ನ ಹೊಟ್ಟೆಯುರಿ ಕೇಳಿ.

2021ರ ಅಕ್ಟೋಬರಿನಲ್ಲಿ 545 ಪಿಎಸ್‌ಐ (ಪೊಲೀಸ್ ಸಬ್‌ಇನ್‌ಸ್ಪೆಕ್ಟರ್) ಹುದ್ದೆಗಳಿಗೆ ಪರೀಕ್ಷೆ ನಡೆಯಿತು. ಉತ್ತರ ಗುರುತು ಹಾಕುವ ಓಎಂಆರ್ ಹಾಳೆಗಳನ್ನು ತಿದ್ದಿದ ಹಗರಣ ಹೊರಬಿತ್ತು, ಪರೀಕ್ಷೆ ರದ್ದಾಯಿತು. ಪೊಲೀಸ್ ನೇಮಕಾತಿ ವಿಭಾಗದ ಮುಖ್ಯಸ್ಥರಾಗಿದ್ದ ಹಿರಿಯ ಅಧಿಕಾರಿಯೇ ಬಂಧನಕ್ಕೊಳಗಾದರು. ಮರುಪರೀಕ್ಷೆ ನಡೆದಿದ್ದು 2024ರ ಜನವರಿಯಲ್ಲಿ. ಎರಡು ವರ್ಷಕ್ಕೂ ಜಾಸ್ತಿ! ನೀವು ಅದನ್ನೂ ಬರೆದಿರಿ, ಇದನ್ನೂ ಬರೆದಿರಿ. ಆ ಎರಡು ವರ್ಷ ನಿಮ್ಮ ಲೆಕ್ಕಕ್ಕೆ ಯಾಕೆ ಬರಬೇಕು?

ಆಮೇಲೆ ಕೆಪಿಎಸ್‌ಸಿಯ (ಕರ್ನಾಟಕ ಲೋಕಸೇವಾ ಆಯೋಗದ) 384 ಹುದ್ದೆಗಳು. ಪೂರ್ವಭಾವಿ ಪರೀಕ್ಷೆ 2024ರ ಆಗಸ್ಟ್ 27ಕ್ಕೆ. ಕನ್ನಡ ಅನುವಾದ ತಪ್ಪೆಂದು ಗಲಾಟೆಯಾಗಿ ಡಿಸೆಂಬರ್ 29ಕ್ಕೆ ಮತ್ತೆ ಪರೀಕ್ಷೆ. ಅಲ್ಲೂ ಕನ್ನಡ ಎಡವಿತು. ನಮ್ಮ ನಾಡಿನ ಪ್ರಶ್ನೆ ಇಂಗ್ಲಿಷಿನಲ್ಲಿ ಹುಟ್ಟಿ, ಆಮೇಲೆ ಕನ್ನಡದ ಅಂಗಿ ತೊಡುತ್ತದೆ. ಗುಂಡಿ ಬೆನ್ನಿಗೆ ಬಂದಿರುತ್ತದೆ! ಕನ್ನಡ ಶಾಲೆಯಲ್ಲಿ ಕಲಿತವನು ಪ್ರಶ್ನೆ ಅರ್ಥ ಮಾಡಿಕೊಳ್ಳುವಷ್ಟರಲ್ಲಿ ಇಂಗ್ಲಿಷ್ ಓದಿದವನು ಮುಂದಿನ ಪುಟದಲ್ಲಿರುತ್ತಾನೆ. ನವೆಂಬರ್ ಬಂದರೆ ಬಾವುಟ ಹಿಡಿದು ಭಾಷಣ ಮಾಡುವವರು ಇದಕ್ಕೆ ಏನನ್ನುತ್ತಾರೆ? ಇರಲಿ, ಆ ಜಗಳ ಇನ್ನೊಂದು ಸಂಚಿಕೆಗೆ.

ಎರಡು ವರ್ಷದ ಹಿಂದೆ ನಿಮ್ಮ ಧಾರವಾಡದ ಸಪ್ತಾಪುರದಲ್ಲಿ ಒಂದು ರಾತ್ರಿ ಉಳಿದಿದ್ದೆ. ಬೆಳಿಗ್ಗೆ ಆರಕ್ಕೆ ಚಹಾ ಹುಡುಕಿಕೊಂಡು ಹೊರಟರೆ ಓದುವ ಕೋಣೆಗಳ ಮುಂದೆ ಆಗಲೇ ಚಪ್ಪಲಿಗಳ ರಾಶಿ. ಒಂದು ಜೋಡಿಗೆ ಬಾರು ಕಿತ್ತು, ತಂತಿ ಸುತ್ತಿತ್ತು. ಇಂಥವರನ್ನು ಸೋಮಾರಿಗಳು ಅನ್ನುವ ಕಟ್ಟೆಪಂಡಿತರು ಒಂದು ದಿನ ಅಲ್ಲಿ ಕೂತು ನೋಡಲಿ.

ನಿಮ್ಮ ಮೇಲೂ ಬೇಸರ ಇದೆ. ಪರೀಕ್ಷೆ ರದ್ದಾದಾಗ ಮನೆಗೆ ‘ರಿಸಲ್ಟ್ ಇನ್ನೂ ಬಂದಿಲ್ಲ’ ಅಂದಿರಂತೆ. ಯಾಕೆ? ತಪ್ಪು ನಿಮ್ಮದಲ್ಲ ಅಲ್ವಾ? ಪಾಪ, ಅಪ್ಪನಿಗೆ ಗೊತ್ತಿರುವುದಿಷ್ಟೇ: ಮಗ ಪರೀಕ್ಷೆ ಬರೆದ, ನೌಕರಿ ಬರಲಿಲ್ಲ.

ಮುಂದಿನ ಸಲ ಊರಿಗೆ ಹೋಗುವಾಗ ಆ ಡಿಸೆಂಬರಿನ ಪ್ರಶ್ನೆಪತ್ರಿಕೆ ಒಯ್ಯಿರಿ. ಬುತ್ತಿ ಕಟ್ಟಿಸಿಕೊಂಡು ಹೊಲಕ್ಕೇ ಹೋಗಿ. ಉಂಡ ಮೇಲೆ ನಾಲ್ಕು ಪ್ರಶ್ನೆ ಗಟ್ಟಿಯಾಗಿ ಓದಿ. ಅಪ್ಪ ನಾಲ್ಕನೇ ಇಯತ್ತೆವರೆಗೆ ಓದಿದವರು ಎಂದು ಬರೆದಿದ್ದೀರಲ್ಲ, ಅಷ್ಟು ಸಾಕು. ‘ಇದ್ಯಾವ ಭಾಷಾನಪಾ?’ ಅಂತ ಅವರೇ ಬಾಯಿ ಬಿಡುತ್ತಾರೆ.

– ಸಂ.