ಔಷಧದ ಹೆಸರನ್ನು ಬರೆಯುವಾಗ: ‘ವಿನ್‌ಕ್ರಿಸ್ಟಿನ್’ ಲೇಖನಕ್ಕೆ ಸಂಪಾದಕರ ಉತ್ತರ

ಮಾನ್ಯರೇ, ನಮಸ್ಕಾರ.

ನೀವು ಕಳುಹಿಸಿದ ‘ಗೆಲುವಿನ ಹೆಸರು ವಿನ್‌ಕ್ರಿಸ್ಟಿನ್’ ಎಂಬ ಲೇಖನವನ್ನು ಎರಡು ಸಲ ಓದಿದ್ದೇನೆ. ರಕ್ತದ ಕ್ಯಾನ್ಸರಿಗೆ ಚಿಕಿತ್ಸೆ ಪಡೆದ ನಿಮ್ಮ ಅಕ್ಕನ ಮಗನ ಜೊತೆ ಆಸ್ಪತ್ರೆಯಲ್ಲಿ ಕಳೆದ ತಿಂಗಳುಗಳನ್ನು, ಅವನಿಗೆ ಕೊಟ್ಟ ಒಂದೇ ಒಂದು ಔಷಧದ ಹೆಸರನ್ನು ಹಿಡಿದುಕೊಂಡು ಹೇಳಬೇಕೆಂಬ ನಿಮ್ಮ ಯೋಚನೆ ನನಗೆ ಬಹಳ ಹಿಡಿಸಿತು. ಆದರೂ ಈಗಿರುವ ರೂಪದಲ್ಲಿ ಇದನ್ನು ಪ್ರಕಟಿಸಲಾರೆ. ಕಾರಣಗಳನ್ನು ಮುಚ್ಚುಮರೆಯಿಲ್ಲದೆ ಬರೆಯುತ್ತೇನೆ. ಇಂತಹ ಲೇಖನವನ್ನು ಓದುವವರಲ್ಲಿ ಈಗಷ್ಟೇ ಕೈಯಲ್ಲಿ ಚೀಟಿ ಹಿಡಿದು ಕೀಮೊ ವಾರ್ಡಿನ ಹೊರಗೆ ಕುಳಿತ ತಂದೆತಾಯಿಯರೂ ಇರುತ್ತಾರೆ ಎಂಬುದೇ ನನ್ನ ಈ ಕಟ್ಟುನಿಟ್ಟಿಗೆ ಕಾರಣ.

ಮೊದಲು ಅತ್ಯಂತ ಗಂಭೀರವಾದ ತಪ್ಪು. ಐದನೆಯ ಪುಟದಲ್ಲಿ ನೀವು, ‘ಆ ದಿನ ಮಗುವನ್ನು ಮಗ್ಗುಲಾಗಿ ಮಲಗಿಸಿ ಬೆನ್ನಿಗೆ ವಿನ್‌ಕ್ರಿಸ್ಟಿನ್ ಕೊಟ್ಟರು’ ಎಂದು ಬರೆದಿದ್ದೀರಿ. ಅದು ನಡೆದಿರಲು ಸಾಧ್ಯವಿಲ್ಲ. ವಿನ್‌ಕ್ರಿಸ್ಟಿನ್ ರಕ್ತನಾಳಕ್ಕೆ ಮಾತ್ರ ಕೊಡುವ ಔಷಧ. ಬೆನ್ನುಹುರಿಯ ಸುತ್ತಲಿನ ದ್ರವಕ್ಕೆ ಅದು ಸೇರಿದರೆ ನರಮಂಡಲವನ್ನು ಸುಟ್ಟಂತೆ ಹಾಳುಮಾಡುತ್ತದೆ, ಮತ್ತು ಹೆಚ್ಚುಕಡಿಮೆ ಪ್ರತಿ ಪ್ರಕರಣದಲ್ಲೂ ರೋಗಿ ಉಳಿಯುವುದಿಲ್ಲ. ಮಕ್ಕಳ ರಕ್ತದ ಕ್ಯಾನ್ಸರಿನಲ್ಲಿ ಬೆನ್ನಿಗೆ ಕೊಡುವುದು ಸಾಮಾನ್ಯವಾಗಿ ಮೆಥೊಟ್ರೆಕ್ಸೇಟ್ ಎಂಬ ಬೇರೆ ಔಷಧವನ್ನು; ನಿಮ್ಮ ಹುಡುಗನಿಗೂ ಅದನ್ನೇ ಕೊಟ್ಟಿರಬೇಕು. ಎರಡೂ ಒಂದೇ ಚಿಕಿತ್ಸಾಕ್ರಮದಲ್ಲಿ, ಕೆಲವೊಮ್ಮೆ ಒಂದೇ ದಿನ ಬರುವುದರಿಂದ ನಿಮ್ಮ ನೆನಪಿನಲ್ಲಿ ಹೆಸರುಗಳು ಅದಲುಬದಲಾಗಿವೆ. ಇದೇ ಅದಲುಬದಲು ಹಲವು ದೇಶಗಳ ಆಸ್ಪತ್ರೆಗಳಲ್ಲಿ ಸಿರಿಂಜುಗಳ ನಡುವೆ ನಿಜವಾಗಿಯೂ ನಡೆದು ಪ್ರಾಣಹಾನಿಯಾಗಿದೆ. ಅದಕ್ಕಾಗಿಯೇ ವಿಶ್ವ ಆರೋಗ್ಯ ಸಂಸ್ಥೆ 2007ರಲ್ಲಿ ಎಚ್ಚರಿಕೆ ಹೊರಡಿಸಿ, ವಿನ್‌ಕ್ರಿಸ್ಟಿನ್ ಅನ್ನು ಸಿರಿಂಜಿನಲ್ಲಿ ತುಂಬಿಡದೆ ಸಣ್ಣ ಚೀಲದಲ್ಲಿ ಬೆರೆಸಿ ಡ್ರಿಪ್ ಮೂಲಕ ಕೊಡಬೇಕೆಂದು ಹೇಳಿತು. ಚೀಲವನ್ನು ಯಾರೂ ಬೆನ್ನಿನ ಸೂಜಿಗೆ ಜೋಡಿಸಲು ಹೋಗುವುದಿಲ್ಲ ಎಂಬುದು ಅದರ ಹಿಂದಿನ ಸರಳ ತರ್ಕ. ನಿಮ್ಮ ಆ ಒಂದು ವಾಕ್ಯ ಅಚ್ಚಾಗಿದ್ದರೆ ಏನಾಗುತ್ತಿತ್ತು ಎಂದು ಯೋಚಿಸಿದಾಗ ನನಗೆ ನಿಜಕ್ಕೂ ಕಳವಳವಾಯಿತು.

ಇದಕ್ಕೆ ಹೊಂದಿಕೊಂಡಂತೆ ಇನ್ನೊಂದು ಮಾತು ಇದೆ, ಮತ್ತು ಇದು ಕನ್ನಡದಲ್ಲಿ ಬರೆಯುವವರಿಗೆ ಎದುರಾಗುವ ತೊಡಕು. ನಾವು ಮನೆಯಲ್ಲಿ ಮಾತನಾಡುವಾಗ ‘ನರ ಸಿಗಲಿಲ್ಲ, ಮೂರು ಕಡೆ ಚುಚ್ಚಿದರು’ ಎನ್ನುತ್ತೇವೆ. ಅಲ್ಲಿ ನರ ಎಂದರೆ ರಕ್ತನಾಳ. ಅದೇ ನಾವು ‘ನರದೌರ್ಬಲ್ಯ’ ಎನ್ನುವಾಗ ಆ ಪದದ ಅರ್ಥವೇ ಬೇರೆ. ನಿಮ್ಮ ಲೇಖನದ ಒಂದೇ ಪುಟದಲ್ಲಿ ‘ಔಷಧವನ್ನು ನರಕ್ಕೆ ಕೊಡುತ್ತಾರೆ’ ಎಂದೂ ‘ಔಷಧದಿಂದ ನರಕ್ಕೆ ತೊಂದರೆಯಾಗುತ್ತದೆ’ ಎಂದೂ ಇದೆ. ಬೇರೆ ಔಷಧವಾಗಿದ್ದರೆ ಓದುಗರು ಸಂದರ್ಭ ನೋಡಿ ಅರ್ಥಮಾಡಿಕೊಳ್ಳಲಿ ಎಂದು ಬಿಡಬಹುದಿತ್ತು. ರಕ್ತನಾಳದಲ್ಲಿ ಹರಿಯಬೇಕಾದ, ಆದರೆ ನರಗಳಿಗೆ ಹಾನಿ ಮಾಡಬಲ್ಲ ಔಷಧದ ವಿಷಯದಲ್ಲಿ ಹಾಗೆ ಬಿಡುವಂತಿಲ್ಲ. ನಿಮ್ಮ ಅಕ್ಕನ ಬಾಯಿಯ ಮಾತಿನಲ್ಲಿ ‘ನರ’ ಹಾಗೆಯೇ ಇರಲಿ, ಅದು ಅವರ ಮಾತು. ನಿಮ್ಮ ನಿರೂಪಣೆಯಲ್ಲಿ ಮಾತ್ರ ಒಂದಕ್ಕೆ ರಕ್ತನಾಳ, ಇನ್ನೊಂದಕ್ಕೆ ನರ ಎಂದು ಕೊನೆಯವರೆಗೂ ಬಿಗಿಯಾಗಿ ಬಳಸಿ.

ಈಗ ಹೆಸರಿನ ಅರ್ಥಕ್ಕೆ ಬರೋಣ. ‘ವಿನ್’ ಎಂದರೆ ಗೆಲುವು, ‘ಕ್ರಿಸ್ಟಿನ್’ ಎಂಬುದು ಕ್ರಿಸ್ತನ ಹೆಸರು, ಆದ್ದರಿಂದ ಇದು ಗೆಲುವನ್ನು ಹರಸುವ ಹೆಸರು ಎಂದು ನೀವು ಎರಡು ಪುಟ ಬರೆದಿದ್ದೀರಿ. ಕಿವಿಗೆ ಕೇಳಿಸಿದ್ದನ್ನೇ ಅರ್ಥವೆಂದು ನಂಬುವುದು ಸಹಜ, ಆ ದಿನಗಳಲ್ಲಿ ನಿಮ್ಮ ಮನೆಯವರಿಗೆ ಆ ನಂಬಿಕೆ ಆಸರೆಯಾಗಿತ್ತು ಎಂಬುದನ್ನೂ ನಾನು ಗೌರವಿಸುತ್ತೇನೆ. ಆದರೆ ಲೇಖನ ಅದನ್ನು ಸತ್ಯವೆಂದು ಹೇಳಬಾರದು. ಈ ‘ವಿನ್’ ಬಂದಿರುವುದು ಒಂದು ಗಿಡದ ಹೆಸರಿನಿಂದ. ನಮ್ಮ ಅಂಗಳಗಳಲ್ಲಿ, ದೇವಸ್ಥಾನದ ಗೋಡೆಯ ಬುಡದಲ್ಲಿ, ನೀರು ಹಾಕದಿದ್ದರೂ ವರ್ಷವಿಡೀ ಗುಲಾಬಿ ಅಥವಾ ಬಿಳಿ ಹೂ ಬಿಡುವ, ಕೆಲವರು ಕಾಶಿ ಕಣಗಿಲೆ ಎಂದೂ ಕೆಲವರು ನಿತ್ಯಪುಷ್ಪ, ಸದಾಪುಷ್ಪ ಎಂದೂ ಕರೆಯುವ ಗಿಡ ಅದು. ಸ್ವೀಡನ್ನಿನ ಸಸ್ಯಶಾಸ್ತ್ರಜ್ಞ ಲಿನೇಯಸ್ 1759ರಲ್ಲಿ ಅದಕ್ಕೆ ವಿಂಕಾ ರೋಸಿಯಾ ಎಂದು ಹೆಸರಿಟ್ಟರು. ವಿಂಕಾ ಎಂಬುದು ಯುರೋಪಿನ ಒಂದು ಹಬ್ಬುಗಿಡದ ಹಳೆಯ ಲ್ಯಾಟಿನ್ ಹೆಸರು; ಅದರ ಮೂಲ ‘ಕಟ್ಟು, ಬಿಗಿ’ ಎಂಬ ಅರ್ಥದ ಧಾತು ಎಂದೂ, ಆ ಬಳ್ಳಿಯಿಂದ ಹಾರ ಹೆಣೆಯುತ್ತಿದ್ದುದರಿಂದ ಹಾಗೆ ಬಂತೆಂದೂ ಹೇಳುತ್ತಾರೆ. 1830ರ ದಶಕದಲ್ಲಿ ಸಸ್ಯಶಾಸ್ತ್ರಜ್ಞರು ನಮ್ಮ ಗಿಡವನ್ನು ಆ ಬಳಗದಿಂದ ಬೇರ್ಪಡಿಸಿ, ಗ್ರೀಕ್ ಭಾಷೆಯಲ್ಲಿ ‘ಶುದ್ಧ ಹೂ’ ಎಂಬ ಅರ್ಥ ಬರುವಂತೆ ಕ್ಯಾಥರಾಂಥಸ್ ಎಂದು ಕರೆದರು. ಗಿಡಕ್ಕೆ ಹೊಸ ಹೆಸರು ಬಂದರೂ ಔಷಧದಲ್ಲಿ ಹಳೆಯದೇ ಉಳಿಯಿತು. ‘ಕ್ರಿಸ್ಟಿನ್’ ಭಾಗ ಈ ಔಷಧಕ್ಕೆ ಮೊದಲು ಇದ್ದ ಲ್ಯೂರೋಕ್ರಿಸ್ಟಿನ್ ಎಂಬ ಹೆಸರಿನಿಂದ ಉಳಿದುಕೊಂಡಿದೆ. ಕೊನೆಯ ‘ಇನ್’ ಅಂತೂ ಮಾರ್ಫಿನ್, ಕ್ವಿನೈನ್‌ಗಳಲ್ಲಿ ಕಾಣುವ, ಸಸ್ಯಕ್ಷಾರಗಳ (ಆಲ್ಕಲಾಯ್ಡ್‌ಗಳ) ಸಾಮಾನ್ಯ ಪ್ರತ್ಯಯ.

‘ಕಟ್ಟು’ ಎಂಬ ಮೂಲಾರ್ಥ ತಿಳಿದ ಮೇಲೆ ಇನ್ನೊಂದು ಆಸೆ ಹುಟ್ಟುತ್ತದೆ, ಅದಕ್ಕೂ ಎಚ್ಚರಿಸಿಬಿಡುತ್ತೇನೆ. ಜೀವಕೋಶ ಎರಡಾಗಿ ಒಡೆಯುವಾಗ ವರ್ಣತಂತುಗಳನ್ನು ಎರಡು ಕಡೆಗೆ ಎಳೆಯಲು ಟ್ಯೂಬ್ಯುಲಿನ್ ಎಂಬ ಪ್ರೋಟೀನಿನಿಂದ ಸೂಕ್ಷ್ಮ ನಳಿಕೆಗಳು ಕಟ್ಟಿಕೊಳ್ಳಬೇಕು. ವಿನ್‌ಕ್ರಿಸ್ಟಿನ್ ಆ ಟ್ಯೂಬ್ಯುಲಿನ್‌ಗೆ ಅಂಟಿಕೊಂಡು ನಳಿಕೆ ಬೆಳೆಯದಂತೆ ತಡೆಯುತ್ತದೆ, ವಿಭಜನೆ ನಡುದಾರಿಯಲ್ಲೇ ನಿಲ್ಲುತ್ತದೆ, ಕೋಶ ಸಾಯುತ್ತದೆ. ಹೆಸರಿನಲ್ಲೂ ಕಟ್ಟು, ಕೆಲಸದಲ್ಲೂ ಕಟ್ಟು ಎಂದು ಬರೆಯಲು ಕೈ ಚುರುಗುಟ್ಟುತ್ತದೆ. ಅದು ಆಕಸ್ಮಿಕ ಹೋಲಿಕೆ. ಗಿಡಕ್ಕೆ ಹೆಸರಿಟ್ಟವರಿಗೆ ಈ ಔಷಧದ ಸುಳಿವೇ ಇರಲಿಲ್ಲ. ಆದರೆ ಇದೇ ವಿವರ ನಿಮ್ಮ ಲೇಖನದ ಇನ್ನೊಂದು ಕಡೆ ಬೇಕಾಗಿದೆ. ಹುಡುಗ ಎರಡನೆಯ ತಿಂಗಳಲ್ಲಿ ಪಾದ ಎಳೆಯುತ್ತಾ, ಮೆಟ್ಟಿಲಿನಲ್ಲಿ ಎಡವುತ್ತಾ ನಡೆಯತೊಡಗಿದ್ದನ್ನು ನೀವು ಬಹಳ ಚೆನ್ನಾಗಿ ಕಂಡು ಬರೆದಿದ್ದೀರಿ, ಆದರೆ ಕಾರಣವನ್ನು ಬರಿಯ ‘ನಿಶ್ಶಕ್ತಿ’ ಎಂದು ಮುಗಿಸಿದ್ದೀರಿ. ಉದ್ದನೆಯ ನರತಂತುಗಳ ಒಳಗೆ ಸಾಮಗ್ರಿ ಸಾಗಿಸುವ ದಾರಿಯೂ ಅದೇ ಸೂಕ್ಷ್ಮ ನಳಿಕೆಗಳಿಂದಾದದ್ದು. ಕ್ಯಾನ್ಸರ್ ಕೋಶವನ್ನು ನಿಲ್ಲಿಸುವ ಗುಣವೇ ಪಾದದ ನರಗಳನ್ನೂ ಜೋಮು ಹಿಡಿಸುತ್ತದೆ, ಮಲಬದ್ಧತೆಯನ್ನೂ ದವಡೆಯ ನೋವನ್ನೂ ತರುತ್ತದೆ. ಔಷಧದ ಕೆಲಸವನ್ನು ಆ ಹುಡುಗನ ನಡಿಗೆಯ ಪಕ್ಕದಲ್ಲಿಟ್ಟು ವಿವರಿಸಿ. ಪ್ರತ್ಯೇಕ ‘ಅಡ್ಡಪರಿಣಾಮಗಳು’ ಎಂಬ ಪಟ್ಟಿ ಬೇಡ.

ಗಿಡದ ಬಗ್ಗೆ ನೀವು ಬರೆದ ಭಾಗದಲ್ಲಿ ಎರಡು ವಾಕ್ಯಗಳನ್ನು ಸಂಪೂರ್ಣವಾಗಿ ತೆಗೆಯಬೇಕು. ಒಂದು, ‘ನಮ್ಮ ಋಷಿಗಳಿಗೆ ಈ ಗುಣ ಸಾವಿರಾರು ವರ್ಷಗಳ ಹಿಂದೆಯೇ ಗೊತ್ತಿತ್ತು’ ಎಂಬುದು. ಗಿಡದ ತವರು ಮಡಗಾಸ್ಕರ್. ಸಂಸ್ಕೃತ ಕೋಶಗಳಲ್ಲಿ ಸದಾಪುಷ್ಪಿ ಎಂಬ ಹೆಸರು ಕಂಡರೆ ಅದು ಎಕ್ಕದ ಗಿಡಕ್ಕೆ ಇದ್ದ ಹೆಸರು; ಹೆಸರು ಒಂದೇ ಆದ ಮಾತ್ರಕ್ಕೆ ಗಿಡ ಒಂದೇ ಆಗುವುದಿಲ್ಲ. ಇನ್ನೊಂದು, ‘ದಿನಕ್ಕೆ ನಾಲ್ಕು ಎಲೆ ಅಗಿದರೆ ಒಳ್ಳೆಯದು ಎನ್ನುತ್ತಾರೆ’ ಎಂಬುದು. ‘ಎನ್ನುತ್ತಾರೆ’ ಎಂದು ಸೇರಿಸಿದರೆ ಬರೆದವರ ಹೊಣೆ ತಪ್ಪುವುದಿಲ್ಲ. ಇದೇ ಗಿಡದ ಇನ್ನೊಂದು ಕ್ಯಾನ್ಸರ್ ಔಷಧವಾದ ವಿನ್‌ಬ್ಲಾಸ್ಟಿನ್ ಒಂದು ಗ್ರಾಂ ತೆಗೆಯಲು ಸುಮಾರು 500 ಕಿಲೊ ಒಣ ಎಲೆ ಬೇಕು, ವಿನ್‌ಕ್ರಿಸ್ಟಿನ್ ಅದಕ್ಕಿಂತಲೂ ವಿರಳ. ಎಲೆ ಅಗಿಯುವವರಿಗೆ ಸಿಗುವುದು ಚಿಕಿತ್ಸೆಯಲ್ಲ, ಅಳತೆಯಿಲ್ಲದ ವಿಷಕ್ಷಾರಗಳು.

ಎಲೆಯ ಕಷಾಯದ ಕಥೆ ನಿಮಗೆ ಬೇಕೇ ಬೇಕೆಂದರೆ ನಿಜವಾದದ್ದು ಇದೆ. ಜಮೈಕಾದಲ್ಲಿ ಜನ ಈ ಎಲೆಯ ಕಷಾಯವನ್ನು ಸಕ್ಕರೆ ಕಾಯಿಲೆಗೆ ಕುಡಿಯುತ್ತಿದ್ದರು. 1952ರಲ್ಲಿ ಅಲ್ಲಿಂದ 25 ಎಲೆಗಳ ಒಂದು ಲಕೋಟೆ ಕೆನಡಾದ ವೈದ್ಯ ಕ್ಲಾರ್ಕ್ ನೋಬಲ್ ಅವರ ಕೈ ಸೇರಿತು. ಅವರು ಅದನ್ನು ವೆಸ್ಟರ್ನ್ ಒಂಟಾರಿಯೊ ವಿಶ್ವವಿದ್ಯಾಲಯದಲ್ಲಿ ಸಂಶೋಧಕರಾಗಿದ್ದ ತಮ್ಮ ಸೋದರ ರಾಬರ್ಟ್ ನೋಬಲ್ ಅವರಿಗೆ ಕೊಟ್ಟರು. ಇಲಿಗಳಿಗೆ ಕುಡಿಸಿದಾಗ ರಕ್ತದ ಸಕ್ಕರೆ ಇಳಿಯಲಿಲ್ಲ. ಚುಚ್ಚಿ ಕೊಟ್ಟಾಗ ಇಲಿಗಳು ಸೋಂಕಿನಿಂದ ಸತ್ತವು, ಏಕೆಂದರೆ ಅವುಗಳ ಬಿಳಿ ರಕ್ತಕಣಗಳು ಕುಸಿದಿದ್ದವು. ಬಿಳಿಕಣಗಳನ್ನು ಇಳಿಸುವ ವಸ್ತು ಬಿಳಿಕಣಗಳ ಕ್ಯಾನ್ಸರಿಗೆ ಉಪಯೋಗವಾಗಬಹುದೆಂದು ಹೊಳೆದದ್ದು ಅಲ್ಲಿಂದ. ರಾಬರ್ಟ್ ನೋಬಲ್ ಮತ್ತು ಚಾರ್ಲ್ಸ್ ಬಿಯರ್ 1958ರಲ್ಲಿ ಪ್ರಕಟಿಸಿದ ವಸ್ತುವಿಗೆ ವಿಂಕಾಲ್ಯೂಕೋಬ್ಲಾಸ್ಟಿನ್ ಎಂದು ಹೆಸರಿಟ್ಟರು: ಗಿಡದ ಹೆಸರು, ಅದಕ್ಕೆ ಸೇರಿ ಎಳೆಯ ಬಿಳಿಕಣದ ಹೆಸರು. ಅದು ಸವೆದು ವಿನ್‌ಬ್ಲಾಸ್ಟಿನ್ ಆಯಿತು. ಅಮೆರಿಕದ ಎಲಿ ಲಿಲ್ಲಿ ಕಂಪನಿಯಲ್ಲಿ ಗಾರ್ಡನ್ ಸ್ವೊಬೋಡ ಅವರ ತಂಡ ಅದೇ ಗಿಡದಿಂದ ವಿನ್‌ಕ್ರಿಸ್ಟಿನ್ ಬೇರ್ಪಡಿಸಿತು. 1963ರಲ್ಲಿ ಅದಕ್ಕೆ ಅಲ್ಲಿ ಅನುಮತಿ ದೊರೆಯಿತು. ಹೀಗೆ ‘ವಿನ್’ ಎಂಬುದರೊಳಗೆ ಗಿಡವಿದೆ, ಜೊತೆಯ ವಿನ್‌ಬ್ಲಾಸ್ಟಿನ್ ಹೆಸರಿನೊಳಗೆ ಬಿಳಿಕಣವೂ ಇದೆ. ನೀವು ಹುಡುಕುತ್ತಿದ್ದ ಅರ್ಥ ಇದು, ಮತ್ತು ಇದು ನೀವು ಊಹಿಸಿದ್ದಕ್ಕಿಂತ ಬಹಳ ಸಮೃದ್ಧವಾಗಿದೆ.

ಇನ್ನು ಬಳಕೆ. ನೀವು ಈ ಹೆಸರನ್ನು ವಿಂಕ್ರಿಸ್ಟಿನ್, ವಿನ್ಕ್ರಿಸ್ಟೀನ್, ವಿನ್‌ಕ್ರಿಸ್ಟೈನ್, ವಿನ್‌ಕ್ರಿಸ್ಟಿನ್ ಎಂದು ನಾಲ್ಕು ಬಗೆಯಲ್ಲಿ ಬರೆದಿದ್ದೀರಿ. ಕೊನೆಯದನ್ನು ಇಟ್ಟುಕೊಳ್ಳಿ. ಸೊನ್ನೆ ಬಳಸಬೇಡಿ ಎನ್ನುವುದಕ್ಕೆ ಕಾರಣವಿದೆ: ಕನ್ನಡದಲ್ಲಿ ಅನುಸ್ವಾರ ಮುಂದಿನ ವ್ಯಂಜನದ ವರ್ಗಕ್ಕೆ ತಕ್ಕಂತೆ ಉಚ್ಚಾರಣೆ ಬದಲಿಸುತ್ತದೆ, ಹಾಗಾಗಿ ‘ವಿಂಬ್ಲಾಸ್ಟಿನ್’ ಎಂದು ಬರೆದರೆ ಓದುವವರ ಬಾಯಲ್ಲಿ ಅದು ‘ವಿಮ್’ ಆಗುತ್ತದೆ. ವಿಶ್ವ ಆರೋಗ್ಯ ಸಂಸ್ಥೆ 1953ರಿಂದ ಪ್ರಕಟಿಸುತ್ತಿರುವ ಸಾರ್ವತ್ರಿಕ ಹೆಸರುಗಳ ಪಟ್ಟಿಯಲ್ಲಿ ‘ವಿನ್’ ಎಂಬ ತುಣುಕು ಈ ಇಡೀ ಕುಟುಂಬದ ಗುರುತು; ವಿನ್‌ಬ್ಲಾಸ್ಟಿನ್, ವಿನ್‌ಡೆಸಿನ್, ವಿನೊರೆಲ್ಬಿನ್ ಎಲ್ಲದರಲ್ಲೂ ಅದಿದೆ. ಅರ್ಧ ‘ನ್’ ಉಳಿಸಿದರೆ ಮನೆತನ ಕಾಣುತ್ತದೆ.

ಆದರೆ ಮನೆತನ ಕಾಣುವುದೇ ಅಪಾಯವೂ ಹೌದು. ವಿನ್‌ಬ್ಲಾಸ್ಟಿನ್ ಅಣುವಿನಲ್ಲಿ ಒಂದು ಮೀಥೈಲ್ ಗುಂಪು ಇರುವ ಜಾಗದಲ್ಲಿ ವಿನ್‌ಕ್ರಿಸ್ಟಿನ್‌ಗೆ ಫಾರ್ಮೈಲ್ ಗುಂಪಿದೆ, ವ್ಯತ್ಯಾಸ ಅಷ್ಟೇ. ಪರಿಣಾಮದಲ್ಲಿ ಮಾತ್ರ ವಿನ್‌ಕ್ರಿಸ್ಟಿನ್ ಮುಖ್ಯವಾಗಿ ನರಗಳನ್ನು, ವಿನ್‌ಬ್ಲಾಸ್ಟಿನ್ ಮುಖ್ಯವಾಗಿ ಅಸ್ಥಿಮಜ್ಜೆಯನ್ನು ಕಾಡುತ್ತದೆ. ವಿನ್‌ಕ್ರಿಸ್ಟಿನ್ ಅನ್ನು ಒಂದು ಬಾರಿಗೆ 2 ಮಿಲಿಗ್ರಾಂ ದಾಟದಂತೆ ಕೊಡುವುದು ವಾಡಿಕೆಯಾದರೆ, ವಿನ್‌ಬ್ಲಾಸ್ಟಿನ್ ಅನ್ನು ಒಂದು ಪ್ರಸಿದ್ಧ ಕ್ರಮದಲ್ಲಿ ದೇಹದ ಮೇಲ್ಮೈಯ ಪ್ರತಿ ಚದರ ಮೀಟರಿಗೆ 6 ಮಿಲಿಗ್ರಾಂ ಲೆಕ್ಕದಲ್ಲಿ ಕೊಡುತ್ತಾರೆ. ಹೆಸರು ತಪ್ಪಿದರೆ ಪ್ರಮಾಣವೂ ತಪ್ಪುತ್ತದೆ. ಅಮೆರಿಕದ ಔಷಧ ನಿಯಂತ್ರಕರು 2001ರಿಂದ ಇಂತಹ ಜೋಡಿ ಹೆಸರುಗಳ ಬೇರೆಯಾಗುವ ಭಾಗವನ್ನು, ಎಂದರೆ ‘ಕ್ರಿಸ್’ ಮತ್ತು ‘ಬ್ಲಾಸ್’ ಎಂಬುದನ್ನು, ದೊಡ್ಡಕ್ಷರಗಳಲ್ಲಿ ಬರೆಯುವ ಪದ್ಧತಿ ತಂದರು. ನಮ್ಮ ಲಿಪಿಯಲ್ಲಿ ದೊಡ್ಡಕ್ಷರ ಚಿಕ್ಕಕ್ಷರಗಳಿಲ್ಲ. ಹಾಗಾಗಿ ಎರಡೂ ಹೆಸರು ಬರುವ ಕಡೆ ನಾವು ಆ ಭಾಗವನ್ನು ದಪ್ಪಕ್ಷರದಲ್ಲಿ ಅಚ್ಚು ಹಾಕುತ್ತೇವೆ. ನೀವು ಹಸ್ತಪ್ರತಿಯಲ್ಲಿ ಅಡಿಗೆರೆ ಎಳೆದು ಸೂಚಿಸಿದರೆ ಸಾಕು. ‘ವಿನ್ ಇಂಜೆಕ್ಷನ್’ ಎಂದು ಮೊಟಕು ಮಾಡುವುದನ್ನು ಮಾತ್ರ ಎಲ್ಲೂ ಬೇಡ.

ಪಕ್ಕದ ಹಾಸಿಗೆಯ ಹಿರಿಯರ ಕಡತದಲ್ಲಿ ‘ಚಾಪ್’ (CHOP) ಎಂದಿತ್ತು, ಅದರಲ್ಲಿ ‘ಒ’ ಏನೆಂದು ಯಾರೂ ಹೇಳಲಿಲ್ಲ ಎಂದು ಬರೆದಿದ್ದೀರಿ. ಚಾಪ್ ಎಂಬುದು ಒಟ್ಟಿಗೆ ಕೊಡುವ ಕೀಮೊ ಔಷಧಗಳ ಮೊದಲಕ್ಷರಗಳ ಸಂಕ್ಷೇಪ, ಅದರ ‘ಒ’ ನಿಮ್ಮ ಔಷಧವೇ. ಆನ್ಕೋವಿನ್ ಎಂಬುದು ಲಿಲ್ಲಿ ಕಂಪನಿ ಇಟ್ಟ ಮಾರಾಟದ ಹೆಸರು, ಆ ‘ಒ’ ಇಂಗ್ಲಿಷಿನಲ್ಲಿ ಅದರ ಮೊದಲ ಅಕ್ಷರ. ಇಂಥದ್ದೇ ಇನ್ನೆರಡು ಸಂಕ್ಷೇಪಗಳಲ್ಲಿ, ‘ಎಬಿವಿಡಿ’ ಎಂಬಲ್ಲಿ ‘ವಿ’ ವಿನ್‌ಬ್ಲಾಸ್ಟಿನ್, ‘ಸಿವಿಪಿ’ ಎಂಬಲ್ಲಿ ಅದೇ ‘ವಿ’ ವಿನ್‌ಕ್ರಿಸ್ಟಿನ್. ಸಂಕ್ಷೇಪಗಳನ್ನು ಬಳಸುವುದಾದರೆ ಪ್ರತಿಯೊಂದನ್ನೂ ಒಮ್ಮೆ ಬಿಡಿಸಿ ಬರೆಯಿರಿ.

ಲೇಖನ ಎಲ್ಲಿಂದ ಆರಂಭವಾಗಬೇಕು ಎಂಬುದನ್ನು ನೀವೇ ಬರೆದಿಟ್ಟಿದ್ದೀರಿ, ಆದರೆ ಏಳನೆಯ ಪುಟದಲ್ಲಿ ಹೂತಿಟ್ಟಿದ್ದೀರಿ. ಔಷಧದಂಗಡಿಯ ಕಿಟಕಿಯಲ್ಲಿ ನೀವು ಚೀಟಿ ಚಾಚುತ್ತೀರಿ, ಅದರ ಮಡಿಕೆಯಲ್ಲಿ ಹೆಸರಿನ ಉತ್ತರಾರ್ಧ ಅಳಿಸಿದೆ, ಒಳಗಿನವರು ‘ಯಾವ ವಿನ್, ಅಮ್ಮಾ?’ ಎಂದು ಕೇಳುತ್ತಾರೆ. ನೀವು ಉತ್ತರಿಸಲಾಗದೆ ವಾರ್ಡಿಗೆ ಮರಳಿ ಓಡುತ್ತೀರಿ. ಆ ಪ್ರಶ್ನೆಯನ್ನು ಮೊದಲ ಪುಟಕ್ಕೆ ತನ್ನಿ. ಗಿಡ, ಇಲಿ, ಎರಡು ಹೆಸರುಗಳ ಭೇದ, ಹುಡುಗನ ಪಾದ ಎಲ್ಲವೂ ಆ ಪ್ರಶ್ನೆಗೆ ಉತ್ತರವಾಗಿ ಒಂದೊಂದಾಗಿ ಬರಲಿ. ಚೀಟಿ ಕೇಳಿದವರನ್ನು ‘ಸಿಡುಕಿದರು’ ಎಂದಿದ್ದೀರಿ. ಅವರು ಊಹಿಸಿ ಕೊಡದೆ ಕೇಳಿದ್ದರಿಂದಲೇ ನಿಮ್ಮ ಹುಡುಗನಿಗೆ ಸರಿಯಾದ ಔಷಧ ಸಿಕ್ಕಿತು ಎಂಬುದನ್ನು ನೀವು ಗಮನಿಸಿದಂತಿಲ್ಲ.

ತಿದ್ದಿದ ಪ್ರತಿಯನ್ನು ಕಳುಹಿಸುವ ಮುನ್ನ, ಹುಡುಗನ ಚಿಕಿತ್ಸೆಯ ಕಡತವನ್ನು ಮುಂದಿಟ್ಟುಕೊಂಡು ಯಾವ ದಿನ ಯಾವ ಔಷಧವನ್ನು ಯಾವ ಮಾರ್ಗದಲ್ಲಿ ಕೊಟ್ಟರೆಂಬುದನ್ನು ಹೋಲಿಸಿ ನೋಡಿ, ಮತ್ತು ಅವನನ್ನು ನೋಡಿಕೊಂಡ ವೈದ್ಯರಿಗೋ ದಾದಿಯರಿಗೋ ಒಮ್ಮೆ ಓದಲು ಕೊಡಿ. ಹುಡುಗನ ನಿಜವಾದ ಹೆಸರನ್ನೂ ಕಡತದ ಸಂಖ್ಯೆಯನ್ನೂ ನಮ್ಮ ಪ್ರತಿಯಿಂದ ನಾನು ಈಗಾಗಲೇ ತೆಗೆದಿದ್ದೇನೆ. ಅವನು ಈಗ ಶಾಲೆಗೆ ನಡೆದುಕೊಂಡೇ ಹೋಗುತ್ತಾನೆ ಎಂದು ಪತ್ರದ ಅಂಚಿನಲ್ಲಿ ಬರೆದಿದ್ದೀರಿ. ಆ ಸಾಲು ಲೇಖನದಲ್ಲಿಲ್ಲ, ದಯವಿಟ್ಟು ಸೇರಿಸಿ.

ಇಂತು,
ಸಂಪಾದಕ