ರೂಲೆಟ್ ಮೇಜಿನ ಹಿಂದೆ ನಿಂತಿದ್ದವರು ಯಾರು?

ಪ್ರಶ್ನೆ: ನಮ್ಮ ಊರಿನ ಫಿಲ್ಮ್ ಸೊಸೈಟಿಯಲ್ಲಿ ಎರಡು ವಾರದ ಅಂತರದಲ್ಲಿ ‘ದ ರೂಲ್ಸ್ ಆಫ್ ದ ಗೇಮ್’ ಮತ್ತು ‘ಕಾಸಾಬ್ಲಾಂಕಾ’ ನೋಡಿದೆ. ಮೊದಲನೆಯದರಲ್ಲಿ ಬಂಗಲೆಯ ಯಜಮಾನನಾಗಿದ್ದ ನಟನೇ ಎರಡನೆಯದರಲ್ಲಿ ಜೂಜಿನ ಮೇಜಿನ ನೌಕರನಾಗಿ ಬಂದ ಹಾಗನ್ನಿಸಿತು. ಟೈಟಲ್ ಕಾರ್ಡಿನಲ್ಲಿ ಹೆಸರು ಹುಡುಕಿದೆ, ಸಿಗಲಿಲ್ಲ. ನನ್ನ ಕಣ್ಣು ಮೋಸ ಹೋಯಿತೇ?
– ಓದುಗರು, ಶಿವಮೊಗ್ಗ

ಉತ್ತರ: ಇಲ್ಲ, ನೀವು ಸರಿಯಾಗಿಯೇ ಗುರುತಿಸಿದ್ದೀರಿ. ಅವರು ಮಾರ್ಸೆಲ್ ದಾಲಿಯೊ. 1899ರಲ್ಲಿ ಪ್ಯಾರಿಸ್ಸಿನ ಯಹೂದಿ ಮನೆಯಲ್ಲಿ ಹುಟ್ಟಿದವರು. ನೀವು ನೋಡಿದ ಎರಡು ಚಿತ್ರಗಳ ನಡುವೆ ಇರುವುದು ಬರೀ ಮೂರು ವರ್ಷ. ಹೆಸರು ಯಾಕೆ ಕಾಣೆಯಾಯಿತು ಎನ್ನುವುದು ಆ ಮೂರು ವರ್ಷದ ಕತೆ.

1937ರ ‘ಗ್ರಾಂಡ್ ಇಲ್ಯೂಷನ್’ನಲ್ಲಿ ಯುದ್ಧಕೈದಿ ರೋಸೆಂಥಾಲ್ ಆಗಿ ಅವರು ಹೆಸರು ಮಾಡಿದ್ದರು. ಅದೇ ನಿರ್ದೇಶಕ ಜ್ಯಾಂ ರೆನ್ವಾರ್ 1939ರಲ್ಲಿ ಅವರನ್ನು ಬಂಗಲೆಯ ಯಜಮಾನನ ಪಾತ್ರಕ್ಕೆ ಕರೆದರು. ಹೊಸದಾಗಿ ಕೊಂಡ ದೊಡ್ಡ ಯಂತ್ರವಾದ್ಯವನ್ನು ಅತಿಥಿಗಳಿಗೆ ತೋರಿಸಿ ಅದರ ಪಕ್ಕದಲ್ಲಿ ನಿಲ್ಲುತ್ತಾರಲ್ಲ, ಆ ದೃಶ್ಯವನ್ನು ಮತ್ತೊಮ್ಮೆ ನೋಡಿ. ಹೆಮ್ಮೆ ಉಕ್ಕುತ್ತಿದೆ, ಹಾಗೆ ಹೆಮ್ಮೆಪಡುತ್ತಿರುವುದಕ್ಕೆ ಸಂಕೋಚವೂ ಆಗುತ್ತಿದೆ. ಒಂದು ಮಾತಿಲ್ಲ. ಮುಖವೊಂದೇ ಅಷ್ಟನ್ನೂ ಹೇಳಿಬಿಡುತ್ತದೆ. ನನ್ನ ಮಟ್ಟಿಗೆ ಇಡೀ ಚಿತ್ರದ ಪ್ರಾಣ ಇರುವುದು ಅಲ್ಲಿ.

1940ರ ಜೂನ್‌ನಲ್ಲಿ ಜರ್ಮನ್ ಸೈನ್ಯ ಬರುವ ಮೊದಲೇ ದಾಲಿಯೊ ಮತ್ತು ಹೆಂಡತಿ ಮದ್ಲೆನ್ ಲೆಬೊ ಪ್ಯಾರಿಸ್ ಬಿಟ್ಟರು. ಆಮೇಲೆ ನಾಜಿಗಳು ಯಹೂದಿಯನ್ನು ಗುರುತಿಸುವುದು ಹೇಗೆ ಎಂದು ತೋರಿಸಲು ಪೋಸ್ಟರಿಗೆ ಹಾಕಿದ್ದು ಇವರದೇ ಮುಖ. ಹಿಂದೆ ಉಳಿದ ಮನೆಯವರು ನಾಜಿ ಶಿಬಿರಗಳಲ್ಲಿ ಸತ್ತರು. ಲಿಸ್ಬನ್ನಿನಲ್ಲಿ ಎರಡು ತಿಂಗಳು ಕಾದು ಗಂಡಹೆಂಡತಿ ಚಿಲಿ ದೇಶದ ವೀಸಾ ಪಡೆದರು. ಹಡಗು ಮೆಕ್ಸಿಕೊ ಮುಟ್ಟಿದಾಗ ಅದು ನಕಲಿ ಎಂದು ತಿಳಿಯಿತು. ಕೊನೆಗೆ ಕೆನಡಾದ ತಾತ್ಕಾಲಿಕ ಪಾಸ್‌ಪೋರ್ಟ್ ಸಿಕ್ಕಿ ಹಾಲಿವುಡ್ ಸೇರಿದರು.

ಈಗ ‘ಕಾಸಾಬ್ಲಾಂಕಾ’ ನೆನೆಸಿಕೊಳ್ಳಿ. ದೇಶ ಬಿಟ್ಟು ಹೋಗಲು ಒಂದು ಕಾಗದಕ್ಕಾಗಿ ಪರದಾಡುವವರ ಚಿತ್ರ ಅದು. ಅದರಲ್ಲಿ ಅವರು ಎಮಿಲ್, ರೂಲೆಟ್ ಜೂಜಿನ ಅಂಕಿಗಳ ಚಕ್ರ ತಿರುಗಿಸಿ ಗೋಲಿ ಬಿಡುವವನು. ವೀಸಾಕ್ಕೆ ದುಡ್ಡಿಲ್ಲದ ಬಲ್ಗೇರಿಯಾದ ಹುಡುಗನಿಗೆ ಜೂಜಿನ ಮನೆಯ ಯಜಮಾನ ರಿಕ್ 22ರ ಮೇಲೆ ಪಣ ಕಟ್ಟಲು ಹೇಳುತ್ತಾನೆ. ಎಮಿಲ್‌ಗೆ ಯಜಮಾನನ ಮನಸ್ಸು ಗೊತ್ತಾಗುತ್ತದೆ. ಗೋಲಿ 22ಕ್ಕೆ ಬೀಳುತ್ತದೆ, ಇನ್ನೊಮ್ಮೆಯೂ ಅಲ್ಲಿಗೇ. ಸುಳ್ಳು ವೀಸಾ ಹಿಡಿದು ಬಂದರಿನಲ್ಲಿ ಸಿಕ್ಕಿಬಿದ್ದಿದ್ದ ಮನುಷ್ಯನೇ ಇಲ್ಲಿ ಆ ಹುಡುಗನಿಗೆ ದಾರಿ ಮಾಡಿಕೊಡುತ್ತಿದ್ದಾನೆ. ಇದು ಗೊತ್ತಾದ ಮೇಲೆ ಆ ದೃಶ್ಯವನ್ನು ಮೊದಲಿನ ಹಾಗೆ ನೋಡಲು ನನಗೆ ಸಾಧ್ಯವಾಗಿಲ್ಲ. ಇಲ್ಲಿ ಜೂಜು ನಡೆಯುತ್ತಿದೆ ಎಂದು ಪೊಲೀಸ್ ಅಧಿಕಾರಿ ಕೂಗಾಡುವಾಗ ಆತ ಗೆದ್ದ ಹಣವನ್ನು ಆತನ ಕೈಗೇ ತಂದಿಡುವವರೂ ಇವರೇ. ಅದೇ ಚಿತ್ರದಲ್ಲಿ ಕಣ್ಣೀರಿಡುತ್ತಾ ಫ್ರಾನ್ಸಿನ ರಾಷ್ಟ್ರಗೀತೆ ಹಾಡುವ ಇವೊನ್ ಎಂಬ ಹುಡುಗಿಯ ಪಾತ್ರದಲ್ಲಿರುವವರು ದಾಲಿಯೊ ಅವರ ಹೆಂಡತಿ ಲೆಬೊ.

ಆ ಕಾಲದ ಸ್ಟುಡಿಯೊಗಳು ಟೈಟಲ್ ಕಾರ್ಡಿನಲ್ಲಿ ಕೆಲವೇ ಹೆಸರು ಹಾಕುತ್ತಿದ್ದವು. ಆ ಪಟ್ಟಿಯಲ್ಲಿ ದಾಲಿಯೊಗೆ ಜಾಗ ಸಿಗಲಿಲ್ಲ.

ಅಲ್ಲಿಂದ ಮುಂದೆ ಅಮೆರಿಕದಲ್ಲಿ ಅವರಿಗೆ ಸಿಕ್ಕಿದ್ದು ಬಹುಪಾಲು ‘ಫ್ರೆಂಚಿನವ’ನ ಪಾತ್ರ: 1944ರ ‘ಟು ಹ್ಯಾವ್ ಅಂಡ್ ಹ್ಯಾವ್ ನಾಟ್’ನಲ್ಲಿ ಹೋಟೆಲ್ ಮಾಲೀಕ, 1953ರ ‘ಜೆಂಟಲ್‌ಮೆನ್ ಪ್ರಿಫರ್ ಬ್ಲಾಂಡ್ಸ್’ನಲ್ಲಿ ನ್ಯಾಯಾಧೀಶ, ಮರುವರ್ಷ ‘ಸಬ್ರಿನಾ’ದಲ್ಲಿ ಮುದಿ ಬ್ಯಾರನ್. ಯುದ್ಧ ಮುಗಿದ ಮೇಲೆ ಫ್ರಾನ್ಸಿಗೂ ಹಾಲಿವುಡ್ಡಿಗೂ ಓಡಾಡಿಕೊಂಡು ಕೆಲಸ ಮಾಡಿದರು. 1955ರಲ್ಲಿ ‘ಕಾಸಾಬ್ಲಾಂಕಾ’ ಟಿವಿ ಸರಣಿಯಾದಾಗ ಆ ಪೊಲೀಸ್ ಅಧಿಕಾರಿಯ ಪಾತ್ರವೇ ಇವರಿಗೆ ಬಂತು.

ನಾವು ಕನ್ನಡದಲ್ಲಿ ಪೋಷಕ ನಟ ಎನ್ನುತ್ತೇವೆ. ದಾಲಿಯೊಗೆ ಆ ಮಾತು ಅಕ್ಷರಶಃ ಒಪ್ಪುತ್ತದೆ. ತಮ್ಮ ಎದುರು ನಿಂತ ನಟನಿಗೆ ಬೇಕಾದ ಒಂದು ನೋಟ, ಒಂದು ನಿಲುಗಡೆ ಕೊಟ್ಟು ಪಕ್ಕಕ್ಕೆ ಸರಿಯುತ್ತಿದ್ದರು.

ನಿಮ್ಮ ಸೊಸೈಟಿಯವರಿಗೆ ಮೂರನೆಯ ಚಿತ್ರವೊಂದನ್ನು ಸೂಚಿಸಿ: 1973ರ ಫ್ರೆಂಚ್ ಹಾಸ್ಯಚಿತ್ರ ‘ದ ಮ್ಯಾಡ್ ಅಡ್ವೆಂಚರ್ಸ್ ಆಫ್ ರಬ್ಬಿ ಜೇಕಬ್’. ನಾಯಕ ಲೂಯಿ ದ ಫ್ಯುನೆ, ರಬ್ಬಿಯ ವೇಷ ಹಾಕಿಕೊಳ್ಳುವವನು. ಆದರೆ ನಿಜವಾದ ರಬ್ಬಿ ಜೇಕಬ್ ಎಪ್ಪತ್ತು ದಾಟಿದ ದಾಲಿಯೊ. ಮೂವತ್ತು ವರ್ಷ ಅಮೆರಿಕದಲ್ಲಿದ್ದ ಈ ಯಹೂದಿ ಗುರು ನ್ಯೂಯಾರ್ಕಿನ ನೆರೆಹೊರೆಯವರಿಗೆ ಹೋಗಿಬರುತ್ತೇನೆಂದು ಹೇಳಿ ಪ್ಯಾರಿಸ್ಸಿಗೆ ಹೊರಡುವುದರಿಂದ ಚಿತ್ರ ಶುರುವಾಗುತ್ತದೆ. ಹಿಂದೊಮ್ಮೆ ನಾಜಿಗಳ ಪೋಸ್ಟರಿನಲ್ಲಿದ್ದ ಅದೇ ಮುಖ, ಈ ಸಲ ಗಡ್ಡ ಬಿಟ್ಟುಕೊಂಡು, ಬಾಯ್ತುಂಬ ನಗುತ್ತಿದೆ.