ಪಂಚಾಯ್ತಿ ಖಾತೆಯಲ್ಲಿ ದುಡ್ಡಿದ್ದರೂ ನಮ್ಮ ಕೇರಿ ಮೋರಿಗೆ ಯಾಕಿಲ್ಲ?

ಖಾತೆಯಲ್ಲಿ ದುಡ್ಡಿದ್ದರೂ ನಿಮ್ಮ ಕೇರಿಯ ಮೋರಿ 2025-26ರ ಕ್ರಿಯಾ ಯೋಜನೆಗೆ (ಆ ವರ್ಷದ ಕಾಮಗಾರಿ ಪಟ್ಟಿಗೆ) ಸೇರಲಿಲ್ಲ, ಪಿಡಿಒ (ಪಂಚಾಯ್ತಿ ಅಭಿವೃದ್ಧಿ ಅಧಿಕಾರಿ) ಸುಳ್ಳು ಹೇಳ್ತಿದ್ದಾರಾ ಅಂತ ಕೇಳಿದ್ದೀರಿ. ಸುಳ್ಳೇ ಆಗಿರಬೇಕಿಲ್ಲ. 15ನೇ ಹಣಕಾಸು ಆಯೋಗದ ಅನುದಾನದಲ್ಲಿ 2021-22ರಿಂದ 2025-26ರ ತನಕ ಶೇ 60 ನಿರ್ಬಂಧಿತ, ಅಂದರೆ ಗೊತ್ತುಮಾಡಿದ ಕೆಲಸಕ್ಕೇ ಬಳಸಬೇಕಿತ್ತು: ಅರ್ಧ ಕುಡಿಯುವ ನೀರು, ಮಳೆನೀರು ಕೊಯ್ಲಿಗೆ, ಇನ್ನರ್ಧ ನೈರ್ಮಲ್ಯಕ್ಕೆ. ರಸ್ತೆ, ಮೋರಿ, ಬೀದಿದೀಪ ಎಲ್ಲವೂ ಉಳಿದ ಶೇ 40ರಲ್ಲೇ ಆಗಬೇಕಿತ್ತು. ಎಲ್ಲ ವಾರ್ಡಿನವರೂ ಮುಗಿಬೀಳುತ್ತಿದ್ದುದು ಅದರ ಮೇಲೆಯೇ.

ಆದರೆ ನೀವು ಬರೆದಿರುವುದನ್ನು ನೋಡಿದರೆ ಅಲ್ಲಿ ನಿಲ್ಲುತ್ತಿರುವುದು ಮನೆಗಳ ಬಚ್ಚಲು ನೀರು. ಹಾಗಿದ್ದರೆ ಅದು ನೈರ್ಮಲ್ಯದ ಕೆಲಸ, ನೈರ್ಮಲ್ಯದ ಪಾಲಿನ ದುಡ್ಡಿನಲ್ಲೇ ಕೇಳಬಹುದು. ಬೇಡಿಕೆಯನ್ನೇ ಬದಲಿಸಿ. "ಮೋರಿ ಬೇಕು" ಅನ್ನುವ ಬದಲು "ಶಾಲೆ ಕಾಂಪೌಂಡಿನಿಂದ ಹಳ್ಳದ ತನಕ ಬಚ್ಚಲು ನೀರಿನ ಚರಂಡಿ, ಕೊನೆಯಲ್ಲಿ ಇಂಗುಗುಂಡಿ" ಅಂತ ಜಾಗದ ಗುರುತು ಸಮೇತ ಬರೆದುಕೊಡಿ.

ಎಲ್ಲಿ ಕೊಡುತ್ತೀರಿ ಅನ್ನುವುದೂ ಮುಖ್ಯ. ಗ್ರಾಮ ಸಭೆಗೆ ಬರುವ ಹೊತ್ತಿಗೆ ಪಟ್ಟಿ ಬಹುಪಾಲು ಸಿದ್ಧವಾಗಿರುತ್ತದೆ. ಅದಕ್ಕೂ ಮೊದಲಿನ ವಾರ್ಡ್ ಸಭೆಗೆ ನೆರೆಹೊರೆಯವರನ್ನು, ಮುಖ್ಯವಾಗಿ ಹೆಣ್ಣುಮಕ್ಕಳನ್ನು ಕರೆದುಕೊಂಡು ಹೋಗಿ. ಕೊಳಚೆ ದಾಟಿ ನೀರು ತರುವವರು ಅವರೇ, ಅವರ ಮಾತಿಗೆ ತೂಕ ಬರಬೇಕು. ನಡಾವಳಿ ಪುಸ್ತಕದಲ್ಲಿ ಬರೆದದ್ದನ್ನು ಓದಿಸಿ, ಆಮೇಲೆ ಸಹಿ ಹಾಕಿ.

ಅಪ್ಲೋಡ್ ಆದ ಯೋಜನೆ ಇ-ಗ್ರಾಮ್ ಸ್ವರಾಜ್ ಜಾಲತಾಣದಲ್ಲಿ ಯಾರು ಬೇಕಾದರೂ ನೋಡಬಹುದು. ಅಲ್ಲಿ ನಿಮ್ಮ ಕಾಮಗಾರಿ ಕಾಣದಿದ್ದರೆ ಮಾಹಿತಿ ಹಕ್ಕಿನಲ್ಲಿ ನಡಾವಳಿಯ ನಕಲು ಕೇಳಿ, ಯೋಜನೆ, ನಡಾವಳಿ ಎರಡನ್ನೂ ತಾಲ್ಲೂಕು ಪಂಚಾಯ್ತಿ ಇಒ (ಕಾರ್ಯನಿರ್ವಾಹಕ ಅಧಿಕಾರಿ) ಮುಂದಿಡಿ.